ಅಕ್ಕನ ಅಳಿಯಂದಿರು

ಮನೆಗೆ ಮಾಡಿಸಿದ ಮಾಮೂಲಿ ವಿಮೆ, ದುಡ್ಡು ಕೊಟ್ಟು ಉಳಿಯುವವರನ್ನು ಸಾಮಾನ್ಯವಾಗಿ ಕಾಯುವುದಿಲ್ಲ. ಪಾಲಿಸಿಯಲ್ಲೇ ಅಚ್ಚಾಗಿರುತ್ತದೆ. ಓದುವವರು ಯಾರು? ರಜೆಗೆ ಬರುವವರಿಗೆ ಕೋಣೆ ಕೊಡುವ ನಮಗೆ ದಿಂಬಿನ ಫೋಟೊ ತೆಗೆಯಲು ಪುರುಸೊತ್ತಿದೆ, ಬಾಲ್ಕನಿಯ ಕಂಬಿ ಅಲ್ಲಾಡಿಸಿ ನೋಡಲು ಇಲ್ಲ.

ನಮ್ಮ ಬೀದಿಯ ಟೈಲರಮ್ಮನವರೂ ಹಾಗೇ ಇದ್ದರು. ಕೆಳಗೆ ಹೊಲಿಗೆ ಅಂಗಡಿ, ಮೇಲೆ ದಿನಬಾಡಿಗೆಯ ಎರಡು ಕೋಣೆ. ಬಂದವರಿಗೆಲ್ಲ ಬೀಗದ ಕೈ ಜೊತೆ ಒಂದು ನೆಂಟಸ್ತನವನ್ನೂ ಕೊಡುತ್ತಿದ್ದರು. "ಯಾರಾದರೂ ಕೇಳಿದರೆ ನೀನು ನನ್ನ ಅಕ್ಕನ ಅಳಿಯ ಅಂತ ಹೇಳು, ಅಷ್ಟೇ" ಎನ್ನುತ್ತಿದ್ದರು. ಬಾಡಿಗೆಯ ವಿಷಯ ವಿಮೆಯವರ ಕಿವಿಗೆ ಬೀಳಬಾರದಲ್ಲ. ಒಂದೇ ಬೇಸಿಗೆಯಲ್ಲಿ ಅಳಿಯಂದಿರು ಎಷ್ಟಾದರೆಂದರೆ, ಪಕ್ಕದ ಬೇಕರಿಯವನು ಲೆಕ್ಕ ಇಡುವುದನ್ನೇ ಬಿಟ್ಟ.

ಮೇಲಿನ ಬಾಲ್ಕನಿಯ ಕಂಬಿಯ ಒಂದು ತುದಿ ಗೋಡೆಯಿಂದ ಕಿತ್ತುಬಂದಿತ್ತು. ಟೈಲರಮ್ಮ ಅದನ್ನು ದಪ್ಪ ಬಟ್ಟೆಪಟ್ಟಿಯಿಂದ ಬಿಗಿದು, ಅಂದಕ್ಕೆ ಅಂಚನ್ನೂ ಹೊಲಿದಿದ್ದರು. ರಜೆಗೆ ಬಂದ ಕ್ಷೌರಿಕನೊಬ್ಬ ಅದಕ್ಕೆ ಒರಗಿ ಚಹಾ ಕುಡಿಯುವಾಗ ಪಟ್ಟಿ ಹರಿದು, ಲೋಟದ ಸಮೇತ ಕೆಳಗಿನ ಹೂಗಿಡಗಳ ಮೇಲೆ ಬಿದ್ದ. ಪುಣ್ಯಕ್ಕೆ ಜೀವ ಉಳಿಯಿತು. ಬಲಗೈ ಮಣಿಕಟ್ಟು ಮುರಿಯಿತು. ಕತ್ತರಿ ಹಿಡಿಯುವ ಕೈ.

ವಿಮೆಯ ತನಿಖೆಯವರು ಬಂದರು. ಬಿದ್ದವನು ನೆಂಟನಾದರೆ ಆಸ್ಪತ್ರೆ ಖರ್ಚು ಸಿಗುತ್ತದೆ, ಹಾಗೆಂದು ಬರೆದು ಸಹಿ ಹಾಕಲಿ ಎಂದರು. ಕ್ಷೌರಿಕ ಪಾಠ ಒಪ್ಪಿಸಿದ. ಉತ್ಸಾಹ ಹೆಚ್ಚಾಗಿ ತನ್ನ ಮದುವೆಯ ಊಟವನ್ನೂ, ಮುನಿಸಿಕೊಂಡ ಮಾವನನ್ನೂ ವರ್ಣಿಸಿದ. ಆಮೇಲೆ ಎಡಗೈಯಲ್ಲಿ ಪೆನ್ನು ಹಿಡಿದ.

ಟೈಲರಮ್ಮ ಪೆನ್ನು ಕಿತ್ತುಕೊಂಡರು. "ಬಿಡಪ್ಪ, ನನ್ನಿಂದ ಕೈ ಮುರಿದದ್ದು ಸಾಕು, ನಿನ್ನ ತಲೆ ಮೇಲೆ ಕೇಸು ಬೇರೆ ಯಾಕೆ? ಸಾರ್, ಇವನು ಬಾಡಿಗೆಗೆ ಬಂದವನು. ನನ್ನ ಅಕ್ಕನಿಗೆ ಮಕ್ಕಳೇ ಇಲ್ಲ."

ವಿಮೆ ಬರಲಿಲ್ಲ. ಆಸ್ಪತ್ರೆಗೆ ಟೈಲರಮ್ಮನೇ ಕಟ್ಟಿದರು. ಕೈಗೆ ಹಾಕಿದ ಪಟ್ಟಿ ಬಿಚ್ಚುವವರೆಗೂ ಅವನನ್ನು ಮೇಲೆ ಪುಕ್ಕಟೆ ಇಟ್ಟುಕೊಂಡರು. ಅವನು ಬೇಜಾರು ಕಳೆಯಲು ಎಡಗೈಯಲ್ಲೇ ಬೇಕರಿಯವನ ತಲೆಗೆ ಕತ್ತರಿ ಹಾಕಿದ. ಆತ ಕೂದಲು ಬೆಳೆಯುವ ತನಕ ಟವೆಲು ಸುತ್ತಿಕೊಂಡೇ ಬ್ರೆಡ್ ಮಾರಿದ. ಕೈ ಸರಿಹೋಯಿತು. ಈಗ ಮೇಲೆ ವೆಲ್ಡಿಂಗ್ ಮಾಡಿಸಿದ ಕಂಬಿಯಿದೆ, ಹೊಗೆ ಕಂಡರೆ ಕಿರುಚುವ ಅಲಾರಂ ಇದೆ, ಬಾಡಿಗೆಯವರಿಗೂ ಅನ್ವಯಿಸುವ ವಿಮೆ ಇದೆ. ಕಂತು ದುಬಾರಿ ಎಂದು ಟೈಲರಮ್ಮ ದಿನಾ ಗೊಣಗುತ್ತಾರೆ, ಕಟ್ಟುತ್ತಾರೆ.

ನಕ್ಕಿರಾ? ಸರಿ. ಕೋಣೆ ಕೊಡುವವರು ಇವತ್ತೇ ವಿಮೆಯವರಿಗೆ ಫೋನ್ ಮಾಡಿ ನಿಜ ಹೇಳಿ. ಹೋಗಿ ಉಳಿಯುವವರು ಮುಂಗಡ ಕಟ್ಟುವ ಮೊದಲು ಕೇಳಿ: ನಾನು ಬಿದ್ದರೆ ಹೊಣೆ ಯಾರದು? ನೆಟ್ಟಗೆ ಉತ್ತರ ಬರದಿದ್ದರೆ ಆ ಮನೆಗೆ ಕಾಲಿಡಬೇಡಿ.