ಹಕ್ಕಿಗೆ ಕಟ್ಟಿದ ಕರಿದಾರ

ನಮ್ಮನೆ ಲವ್ ಬರ್ಡ್ಸ್ ಮೊಟ್ಟೆ ಇಟ್ಟವಾ ಎಂದು ದಿನಾ ಕೇಳುವ ಸ್ನೇಹಿತರೇ, ಇವತ್ತು ಅದರ ತನಿಖೆ ಮುಗಿಯಿತು.

ತನಿಖೆ ಮಾಡಿದ್ದು ನಮ್ಮವರ ದೊಡ್ಡಮ್ಮ. ಬಿಳಿಚೋಡಿನಿಂದ ಹೊನ್ನಾಳಿಗೆ ಬಂದವರು ಕಾಲು ತೊಳೆಯುವ ಮೊದಲೇ ಪಂಜರದೊಳಗಿನ ಮಡಕೆಗೆ ಇಣುಕಿದರು. ಖಾಲಿ!

"ಜೋಡಿ ತಂದು ವರ್ಷ ಆತಲ್ಲೋ, ಮೊಟ್ಟೆ ಯಾಕಿಲ್ಲ?" ಎಂದು ನಮ್ಮವರನ್ನು ಕೇಳಿದರು. ಉತ್ತರಕ್ಕೂ ಕಾಯದೆ ಹಸಿರು ಹಕ್ಕಿಯತ್ತ ಬೆರಳು ತೋರಿಸಿ, "ಇದೇ ಹೆಣ್ಣು. ದೋಷ ಇದರಾಗೇ ಐತೆ. ಗಂಡು ನೋಡು, ಎಷ್ಟು ಲಕ್ಷಣವಾಗೈತೆ" ಎಂದರು. ಮಾತು ಹಕ್ಕಿಗೆ, ಕಣ್ಣು ನನ್ನ ಮೇಲೆ. ನಮ್ಮ ಮದುವೆಯಾಗಿ ಮೂರು ವರ್ಷವಾಗಿದೆ, ಮಕ್ಕಳಿಲ್ಲ.

ಆಮೇಲೆ ಚೀಲದಿಂದ ಮಂತ್ರಿಸಿದ ಕರಿದಾರ ತೆಗೆದು, ಹಸಿರು ಹಕ್ಕಿ ಕೂರುವ ಕಡ್ಡಿಗೆ ಕಟ್ಟಿದರು. "ಇದಕ್ಕೂ ಆಗಲಿಲ್ಲ ಅಂದ್ರೆ ಗಂಡಿಗೆ ಬೇರೆ ಹೆಣ್ಣು ತಂದುಬಿಡು!"

ನನಗೆ ಉರಿದುಹೋಯಿತು. ಹಕ್ಕಿ ಮಾರಿದ ಅಂಗಡಿಯವನಿಗೆ ಎರಡರ ಫೋಟೊ ಕಳಿಸಿ, ಮೊಟ್ಟೆ ಯಾಕಿಲ್ಲ ಎಂದು ಕೇಳಿದೆ. ಅವನು ಕೂಡಲೇ ಫೋನ್ ಮಾಡಿದ. ಎಲ್ಲರಿಗೂ ಕೇಳಲೆಂದು ಸ್ಪೀಕರ್ ಹಾಕಿದೆ.

"ಮೇಡಮ್ಮೋರೆ, ಕೊಕ್ಕಿನ ಮೇಲೆ ಎರಡಕ್ಕೂ ನೀಲಿ ಐತಲ್ರೀ. ಎರಡೂ ಗಂಡು! ಎಲ್ಲಿಂದ ಮೊಟ್ಟೆ ಇಡ್ತಾವೆ? ತಪ್ಪು ನಮ್ದೇ, ಒಂದನ್ನ ಬದಲಾಯಿಸಿ ಕೊಡ್ತೀನಿ."

ಗೆದ್ದೆ ಅಂದುಕೊಂಡೆ. ದೊಡ್ಡಮ್ಮ ನಿಧಾನಕ್ಕೆ ಎದ್ದು ಹೋಗಿ ಕಡ್ಡಿಯಿಂದ ದಾರ ಬಿಚ್ಚಿದರು.

"ಸುಮ್ನೆ ಯಾಕೆ ದಂಡ ಮಾಡಬೇಕು? ಕೈ ಕೊಡವ್ವಾ ಇತ್ತ."

ಈಗ ಕರಿದಾರ ಕಟ್ಟಿದ ಕೈಯಲ್ಲೇ ಇದನ್ನು ಬರೆಯುತ್ತಿದ್ದೇನೆ. ನಮ್ಮವರು ಪಂಜರದ ಪಕ್ಕ ಕೂತಿದ್ದಾರೆ, ಬಹಳ ಲಕ್ಷಣವಾಗಿ.