ಹಾಸಿಗೆ ಹೊತ್ತು ತಿರುಗಿದ ದೊರೆಸಾನಿ

ಮೊದಲೇ ಒಪ್ಪಿಕೊಂಡುಬಿಡುತ್ತೇನೆ, ನನಗೆ ಬೇರೆಯವರ ಹಾಸಿಗೆಯಲ್ಲಿ ನಿದ್ದೆ ಬರುವುದಿಲ್ಲ. ಬೇರೆಯವರು ಎಂದರೆ ಯಾರೋ ಅಲ್ಲ, ನಾನೇ ಹೆತ್ತ ಮಕ್ಕಳು. ಮೂವರ ಮನೆಯಲ್ಲೂ ಕೂತರೆ ಏಳಲಾಗದಂಥ ಮೆತ್ತನೆಯ ಮಂಚಗಳಿವೆ. ಆದರೂ ಒಬ್ಬರ ಮನೆಯಿಂದ ಇನ್ನೊಬ್ಬರ ಮನೆಗೆ ಹೊರಟೆನೆಂದರೆ ಹಾವೇರಿಯಿಂದ ಬಂದ ನನ್ನ ಕೌದಿ ಜೊತೆಗೆ ಹೊರಡುತ್ತದೆ. ಕೌದಿಯ ಹಿಂದೆ ದಿಂಬು, ದಿಂಬಿನ ಹಿಂದೆ ನಮಾಜಿನ ಚಾಪೆ, ಅದರ ಹಿಂದೆ ಕುಕ್ಕರು, ಮಸಾಲೆ ಡಬ್ಬಿ, ಈಳಿಗೆ. ಹಾಸಿಗೆ ಇದ್ದಷ್ಟು ಕಾಲು ಚಾಚು ಎಂದು ಹಿರಿಯರು ಹೇಳಿದರು ನಿಜ. ಹಾಸಿಗೆಯನ್ನೇ ಹೊತ್ತು ತಿರುಗುವವಳಿಗೆ ಏನು ಹೇಳಬೇಕೆಂದು ಪಾಪ ಅವರಿಗೂ ಹೊಳೆದಿರಲಿಕ್ಕಿಲ್ಲ.

ಈ ಪರದೇಶಕ್ಕೆ ಬಂದ ಮೇಲೆ ನನ್ನ ಯಜಮಾನರು ಪಾಪಕುರಾ ಎಂಬ ಊರಿನಲ್ಲಿ ಡೇರಿ ಇಟ್ಟಿದ್ದರು. ಹಾಲಿನ ಡೇರಿಯಲ್ಲ, ಇಲ್ಲಿ ಬೀದಿ ಮೂಲೆಯ ಕಿರಾಣಿ ಅಂಗಡಿಗೆ ಡೇರಿ ಎನ್ನುತ್ತಾರೆ. ಅವರು ಅಂಗಡಿ ನೋಡಿಕೊಂಡರು, ನಾನು ಆಸ್ಪತ್ರೆಯಲ್ಲಿ ನರ್ಸಾಗಿದ್ದೆ. ಅಂಗಡಿಯ ಹಿಂದಿನ ಮನೆಯಲ್ಲೇ ಮಕ್ಕಳು ಬೆಳೆದರು. ಯಜಮಾನರು ತೀರಿಕೊಂಡ ಮೇಲೆ ಕಿರಿಯ ಮಗ ರಫೀಕ ಅಂಗಡಿ ವಹಿಸಿಕೊಂಡ. ಮಗಳು ಶಬಾನಾ ನನ್ನ ಹಾಗೆಯೇ ನರ್ಸು, ಹಿಲ್ಸ್‌ಬರೋದಲ್ಲಿದ್ದಾಳೆ. ಹಿರಿಯವ ಇಮ್ತಿಯಾಜ ಪಾಮರ್ಸ್ಟನ್ ನಾರ್ತ್‌ನಲ್ಲಿ ಹುಲ್ಲಿನ ಮೇಲೆ ಸಂಶೋಧನೆ ಮಾಡುತ್ತಾನೆ. ಕುರಿ ತಿನ್ನುವ ಹುಲ್ಲಿಗೂ ಡಾಕ್ಟರೇಟು ಕೊಡುವ ದೇಶ ಇದು. ಈ ಮೂರು ಊರುಗಳ ನಡುವೆ ನಾನು ಸುತ್ತುತ್ತಿರುತ್ತೇನೆ. ನಾನು ಹೊರಟಾಗಲೆಲ್ಲ ರಫೀಕ ತನ್ನ ಯೂಟ್ ಎಂಬ ತೆರೆದ ಗಾಡಿಯ ಹಿಂದೆ ಗಂಟುಮೂಟೆ ಏರಿಸುತ್ತ, "ಅಮ್ಮಿ, ಇದು ಯೂಟ್ ಐತಿ, ಸರ್ಕಸ್ ಕಂಪನಿ ಲಾರಿ ಅಲ್ಲ" ಎನ್ನುತ್ತಾನೆ. ಎಂದೂ ಒಂದು ಗಂಟನ್ನೂ ಬಿಟ್ಟುಬಂದವನಲ್ಲ.

ಯಾರ ಮನೆಗೆ ಹೋದರೂ ಪ್ರೀತಿಗೆ ಬರವಿಲ್ಲ. ಚಪ್ಪಲಿ ಬಿಡುವಷ್ಟರಲ್ಲಿ ಚಹಾ ಬರುತ್ತದೆ. ಚಹಾದ ಜೊತೆಗೇ ಒಂದು ಪ್ರಶ್ನೆಯೂ ಬರುತ್ತದೆ: "ಅಮ್ಮಿ, ಈ ಸಲ ಎಷ್ಟು ದಿನ ಇರ್ತೀ?" ಅದರಲ್ಲಿ ಯಾವ ಕೊಂಕೂ ಇಲ್ಲ. ರಜೆ ಹೊಂದಿಸಬೇಕು, ಕೋಣೆ ಹೊಂದಿಸಬೇಕು, ಕೇಳಬೇಕಾದದ್ದೇ. ಆದರೆ ಅದು ಬಂದವರನ್ನು ಕೇಳುವ ಪ್ರಶ್ನೆ, ಇರುವವರನ್ನು ಯಾರೂ ಕೇಳುವುದಿಲ್ಲ. ನಾನು ಪ್ರತಿ ಸಲವೂ "ನೋಡೋಣು" ಎಂದು ಚಹಾ ಕುಡಿಯುತ್ತೇನೆ.

ಹೀಗಿರುವಾಗ ನನಗೆ ದೊರೆಸಾನಿಯ ಪರಿಚಯವಾಯಿತು. ಇಮ್ತಿಯಾಜನ ಮಗಳು ಆಲಿಯಾ ಕಾಲೇಜಿನಲ್ಲಿ ಹಳೆಯ ಇಂಗ್ಲೆಂಡಿನ ಇತಿಹಾಸ ಓದುತ್ತಾಳೆ. ಕನ್ನಡ ಪೂರ್ತಿ ಅರ್ಥವಾಗುತ್ತದೆ, ಉತ್ತರ ಮಾತ್ರ ಇಂಗ್ಲಿಷಿನಲ್ಲಿ, ಅಜ್ಜಿಯಾದ ನನ್ನನ್ನು 'ದಾದಿ' ಎನ್ನುವುದೊಂದನ್ನು ಬಿಟ್ಟು. ಒಂದು ಸಂಜೆ ನಾನು ಅವರ ಮನೆಯ ಮಂಚದ ಮೆತ್ತೆ ತೆಗೆದು ಗೋಡೆಗೊರಗಿಸಿ ಕೌದಿ ಹಾಸುತ್ತಿದ್ದೆ. ಬಾಗಿಲಲ್ಲಿ ನಿಂತು ನೋಡಿದ ಹುಡುಗಿ, "ಓ ಮೈ ಗಾಡ್ ದಾದಿ, ಯೂ ಆರ್ ಲಿಟರಲಿ ಲೇಡಿ ಆಲಿಸ್!" ಎಂದಳು.

"ಯಾರವ್ವಾ ಆಕಿ? ನಮ್ಮ ಪೈಕಿನ?" ಎಂದೆ.

ನಮ್ಮ ಪೈಕಿಯಲ್ಲ. ನೂರಾರು ವರ್ಷಗಳ ಹಿಂದೆ ಇಂಗ್ಲೆಂಡಿನಲ್ಲಿದ್ದ ಶ್ರೀಮಂತ ಮನೆತನದ ಹೆಂಗಸು. ಆಲಿಯಾಳ ಮೇಷ್ಟ್ರು ಅವಳ ಬದುಕಿನ ಬಗ್ಗೆ ಪ್ರಬಂಧ ಬರೆಯಲು ಹೇಳಿದ್ದರಂತೆ. ದೊಡ್ಡ ರಾಣಿಯೇನೂ ಅಲ್ಲ, ಯುದ್ಧ ಗೆದ್ದವಳೂ ಅಲ್ಲ. ಗೊಂಬೆಯಾಡುವ ವಯಸ್ಸಿಗೆ ಮದುವೆ, ಬೇಗ ಬೇಗ ಮೂರು ಮಕ್ಕಳು, ಗಂಡ ಫ್ರಾನ್ಸಿನ ಕಡೆ ಕಾಳಗಕ್ಕೆ ಹೋದವನು ವಾಪಸು ಬರಲಿಲ್ಲ. ಇಲ್ಲಿಯವರೆಗಿನ ಕಥೆ ನನ್ನ ಅಜ್ಜಿಯದೇ. ವ್ಯತ್ಯಾಸವೆಂದರೆ ಅಜ್ಜ ಕಾಳಗಕ್ಕಲ್ಲ, ಹುಬ್ಬಳ್ಳಿಗೆ ಹತ್ತಿ ಮಾರಲು ಹೋಗಿದ್ದ.

ಆಮೇಲಿನದು ಸ್ವಾರಸ್ಯ. ಆ ಕಾಲದ ಇಂಗ್ಲೆಂಡಿನಲ್ಲಿ ಗಂಡ ಸತ್ತರೆ ಹೆಂಡತಿಗೆ ಅವನ ಜಮೀನಿನಲ್ಲಿ ಮೂರನೆಯ ಒಂದು ಪಾಲು, ಅವಳು ಬದುಕಿರುವ ತನಕ. ಮದುವೆಯಲ್ಲಿ ಗಂಡ ಹೆಂಡತಿಗೆ ಕೊಡಬೇಕಾದ ನಮ್ಮ ಮೆಹರಿಗೆ ದೂರದ ಅಕ್ಕ ಇದ್ದ ಹಾಗೆ. ಆದರೆ ಪಾಲಿರುವ ವಿಧವೆಯ ಮೇಲೆ ರಾಜನ ಕಣ್ಣು. ತನಗೆ ಬೇಕಾದವನಿಗೆ ಅವಳನ್ನು ಕಟ್ಟಿಬಿಡುತ್ತಿದ್ದ. ನಮ್ಮ ದೊರೆಸಾನಿ ಏನು ಮಾಡಿದಳು? ನೆಟ್ಟಗೆ ಹೋಗಿ ಬಿಷಪ್ಪರ ಮುಂದೆ ಮಂಡಿಯೂರಿ, ಇನ್ನು ಮದುವೆಯಾಗುವುದಿಲ್ಲ ಎಂದು ಆಣೆ ಮಾಡಿ ಒಂದು ಉಂಗುರ ಮತ್ತು ನಿಲುವಂಗಿ ತೊಟ್ಟಳು. ಹಾಗೆ ಆಣೆ ಮಾಡಿದವಳ ತಂಟೆಗೆ ರಾಜನೂ ಬರುವಂತಿರಲಿಲ್ಲ. ಮಠ ಸೇರಲಿಲ್ಲ, ತಲೆ ಬೋಳಿಸಲಿಲ್ಲ. ಉಂಗುರ ತೊಟ್ಟು ಮನೆಗೆ ಬಂದು ಆಳುಗಳನ್ನು ಗದರಿಸಿದಳು. ಎಂಥ ಗಟ್ಟಿಗಿತ್ತಿ!

ಇನ್ನು ಹಾಸಿಗೆ. ಅವಳ ಪಾಲಿಗೆ ಅಲ್ಲೊಂದು ಇಲ್ಲೊಂದು ಹಳ್ಳಿ, ಪ್ರತಿ ಹಳ್ಳಿಯಲ್ಲೊಂದು ಮನೆ. ಅವಳು ಒಂದೆಡೆ ಕೂರುತ್ತಿರಲಿಲ್ಲ. ಒಂದು ಮನೆಯ ಕಣಜ ಖಾಲಿಯಾಯಿತೆಂದರೆ ಮುಂದಿನ ಮನೆಗೆ ಸವಾರಿ. ಕಣಜ ಖಾಲಿಯಾಗುವಷ್ಟರಲ್ಲಿ ಪಾಯಖಾನೆ ತುಂಬಿರುತ್ತಿತ್ತು ಎಂದೂ ಆಲಿಯಾ ಮೂಗು ಮುಚ್ಚಿಕೊಂಡು ಹೇಳಿದಳು. ವಾರ್ಡುಗಳಲ್ಲಿ ಆಯುಷ್ಯ ಕಳೆದ ನನಗೆ ಈ ವ್ಯವಸ್ಥೆ ಬಹಳ ಹಿಡಿಸಿತು. ಸವಾರಿ ಹೊರಟರೆ ಗಾಡಿಗಳಲ್ಲಿ ಮಂಚ, ಪರದೆ, ಗೋಡೆಗೆ ತೂಗುವ ಜಮಖಾನೆ, ಕಡಾಯಿ. ಆಗ ಮನೆಯಲ್ಲಿ ಹಾಸಿಗೆಗಿಂತ ಬೆಲೆಬಾಳುವ ಸಾಮಾನು ಕಡಿಮೆಯಂತೆ, ಮರಣಶಾಸನದಲ್ಲಿ ಇಂಥ ಹಾಸಿಗೆ ಇಂಥ ಮಗಳಿಗೆ ಎಂದು ಬರೆಸುತ್ತಿದ್ದರಂತೆ. ಮಸಾಲೆ ಪೆಟ್ಟಿಗೆಯ ಕೀಲಿಯನ್ನಂತೂ ಅವಳು ಯಾರ ಕೈಗೂ ಕೊಡುತ್ತಿರಲಿಲ್ಲ. ಕೊಟ್ಟಾಳೇ? ಅದರೊಳಗಿನ ಮೆಣಸು ನಮ್ಮ ಪಶ್ಚಿಮ ಕರಾವಳಿಯಿಂದ ಹಡಗು ಹತ್ತಿ, ಒಂಟೆ ಹತ್ತಿ ಹೋದದ್ದು. ನಮ್ಮ ಮೆಣಸು ಹಾಕಿ ಸಾರು ಉಂಡವಳು ಪೂರ್ತಿ ಪರಕೀಯಳಾಗುವುದು ಹೇಗೆ?

ಅವಳ ಮಕ್ಕಳ ವಿಷಯವನ್ನೂ ಕೇಳಿ ತಿಳಿದುಕೊಂಡೆ. ಹಿರಿಯವನು ಅರಮನೆಯ ಓಡಾಟದಲ್ಲಿ ಮೈಮರೆತವನು, ಅಮ್ಮ ಒಂದು ಕಡೆ ತೆಪ್ಪಗೆ ಕೂತರೆ ಸಾಕೆನ್ನುವವನು. ಮಗಳನ್ನು ದೂರದ ಉತ್ತರಕ್ಕೆ ಕೊಟ್ಟಿತ್ತು. ಕಿರಿಯವನು ಕೇಳದೆ ಮದುವೆಯಾದ. ಅವಳು ಮೂವರನ್ನೂ ಬೈದಳು, ಮೂವರಿಗೂ ಹಬ್ಬಕ್ಕೆ ಮೀನು ಕಳಿಸಿದಳು. ಅಂದಿನಿಂದ ಅವಳು ನಮ್ಮ ಪೈಕಿಯೇ ಆದಳು. ಫೋನು ಮಾಡಿದಾಗಲೆಲ್ಲ ಆಲಿಯಾಳನ್ನು "ನಿನ್ನ ದೊರೆಸಾನಿ ಹೆಂಗದಾಳ?" ಎಂದು ಕೇಳುತ್ತಿದ್ದೆ, ಅವಳಿಗೇನೋ ಮಂಡಿನೋವಿನ ಆಪರೇಷನ್ ಆಗಿರುವಂತೆ.

ಮಂಡಿನೋವು ಬಂದದ್ದು ನನಗೆ. ಕಳೆದ ಸಲ ರಫೀಕ ಅಂಗಡಿ ಬಿಟ್ಟು ಬರಲಾಗದೆ ನನ್ನನ್ನು ಬಸ್ ಹತ್ತಿಸಿದ್ದ, ಪಾಮರ್ಸ್ಟನ್ ನಾರ್ತ್‌ನಲ್ಲಿ ಬಸ್ಸಿನಿಂದ ಇಳಿಯುವಾಗ ಬಿದ್ದೆ. ಕೌದಿಯ ಸುರುಳಿ ಕಾಲಿಗೆ ತೊಡರಿತು ಎಂದು ಮಕ್ಕಳು ಹೇಳುತ್ತಾರೆ. ಕೌದಿಯ ಮೇಲೆಯೇ ಬಿದ್ದದ್ದರಿಂದ ಸೊಂಟ ಉಳಿಯಿತು ಎಂದು ನಾನು ಹೇಳುತ್ತೇನೆ. ಎರಡೂ ನಿಜ.

ಈದ್ ದಿನ ಎಲ್ಲರೂ ಶಬಾನಾಳ ಮನೆಯಲ್ಲಿ ಸೇರಿದಾಗ, ಬಿರಿಯಾನಿಯ ತಟ್ಟೆ ಎತ್ತುವ ಮೊದಲೇ ಸಭೆ ಶುರುವಾಯಿತು. ಅಮ್ಮಿಯ ತಿರುಗಾಟ ಸಾಕು. ಹಿಲ್ಸ್‌ಬರೋದಲ್ಲಿ ಶಬಾನಾಳ ಹಿತ್ತಲಿನ ಪುಟ್ಟ ಮನೆ ಇದೆ, ಹೀಟರಿದೆ, ಬಚ್ಚಲಿಗೆ ಹಿಡಿಕೆ ಹಾಕಿಸಿದ್ದಾಗಿದೆ.

"ಹೊಸಾ ಬೆಡ್ ಸುದ್ದಾ ತಂದೀನಿ ಅಮ್ಮಿ. ಬಟನ್ ಒತ್ತಿದ್ರ ಮ್ಯಾಲೆ ಏಳತೈತಿ," ಎಂದಳು ಶಬಾನಾ. ಹೇಳುವಾಗ ಕಣ್ಣಲ್ಲಿ ನೀರಿತ್ತು. ಬಿದ್ದ ಸುದ್ದಿ ಕೇಳಿ ಬಹಳ ಹೆದರಿದ್ದಳು ಹುಡುಗಿ.

ನನಗೆ ಸಿಟ್ಟು ಬರಲಿಲ್ಲ, ಭಯವಾಯಿತು. ಇಷ್ಟು ದಿನ ನಾನು ಹೋಗುತ್ತಿದ್ದೆ, ಬರುತ್ತಿದ್ದೆ. ಇನ್ನು ನನ್ನನ್ನು ಇಡುತ್ತಾರೆ. ಇಟ್ಟಲ್ಲಿ ಇರುವುದು ಕಪಾಟಿನ ಮೇಲಿನ ಹಿತ್ತಾಳೆ ಹಂಡೆಯ ಕೆಲಸ. ಹಾಲು ಶಾವಿಗೆಯ ಶೀರ್ ಖುರ್ಮಾ ಬಿಸಿ ಮಾಡುವ ನೆಪದಲ್ಲಿ ಅಡುಗೆಮನೆಗೆ ಎದ್ದುಹೋದೆ. ಆಲಿಯಾ ಹಿಂದೆಯೇ ಬಂದಳು.

"ನಿನ್ನ ದೊರೆಸಾನಿಗೆ ಮಂಡಿ ಹೋದಾಗ ಏನು ಮಾಡಿದ್ಲು?" ಎಂದೆ.

ಹುಡುಗಿ, "ಶೀ ಸ್ಟಾಪ್ಡ್, ದಾದಿ," ಎಂದಳು.

ಅಯ್ಯೋ, ಈ ಹೆಂಗಸೂ ಕೈಕೊಟ್ಟಳಲ್ಲ! ಹಾಲು ಉಕ್ಕಿ ಒಲೆಯ ಮೇಲೆ ಚೆಲ್ಲಿತು. ಒರೆಸುತ್ತ ಕೇಳಿದೆ, "ಎಲ್ಲಿ ನಿಂತ್ಲು? ಮಗನ ಮನ್ಯಾಗೇನು?"

ಇಲ್ಲವಂತೆ. ಮಗ ತನ್ನ ಕೋಟೆಯಲ್ಲಿ ಬಿಸಿಲು ಬೀಳುವ ಕೋಣೆ ಕೊಡುತ್ತೇನೆಂದ. ಅವಳು ಹೋದದ್ದು ತನ್ನ ಪಾಲಿನಲ್ಲೇ ಚಿಕ್ಕದಾದ, ಸೋರುವ ಒಂದು ಮನೆಗೆ. ಮದುವೆಯಾಗಿ ಬಂದಾಗ ಗಂಡ ಅವಳನ್ನು ಮೊದಲು ಕರೆತಂದ ಮನೆ ಅದು. ಅಲ್ಲಿ ಕೂತು, ಬೆಳೆದ ಮಕ್ಕಳಿಗೆಲ್ಲ, ಬೇಕಾದರೆ ನೀವು ಬನ್ನಿ ಎಂದು ಹೇಳಿ ಕಳಿಸಿದಳಂತೆ.

ನಾನು ಖುರ್ಮಾದ ಪಾತ್ರೆ ಹಿಡಿದು ಹೊರಗೆ ಬಂದೆ. "ನಿಲ್ತೀನಿ," ಎಂದೆ. ಎಲ್ಲರ ಮುಖ ಅರಳಿತು. "ಪಾಪಕುರಾದಾಗ. ಅಂಗಡಿ ಹಿಂದಿನ ನನ್ನ ಹಳೇ ಖೋಲಿಯೊಳಗ, ನಾನೂ ನಿಮ್ಮ ಅಬ್ಬಾನೂ ಇದ್ದಲ್ಲೇ."

ರಫೀಕನ ಕೈಯಲ್ಲಿದ್ದ ಚಮಚ ನಿಂತಿತು. "ಅಮ್ಮಿ, ಅದರಾಗ ಸ್ಟಾಕ್ ಐತಿ! ಚಿಪ್ಸ್, ಕೋಕ್... ದೇರ್ ಈಸ್ ನೋ ರೂಮ್!"

"ಚಿಪ್ಸ್ ಎಷ್ಟು ದಿನ ಇರ್ತಾವಪ್ಪಾ?" ಎಂದೆ.

 ರಫೀಕನೇ ಮೊದಲು ನಕ್ಕ. ಶಬಾನಾ ಮಾತ್ರ ನಗಲಿಲ್ಲ, ಬಟನ್ ಮಂಚ ಹಾಳಾಯಿತಲ್ಲ ಎಂದು ಗೊಣಗಿದಳು. ಬಚ್ಚಲಿನ ಹಿಡಿಕೆ ಪಾಪಕುರಾದಲ್ಲೂ ಹಾಕಿಸಬೇಕೆಂದು ಹಟ ಹಿಡಿದಳು, ಒಪ್ಪಿಕೊಂಡೆ. ಅಷ್ಟು ಸೋಲದಿದ್ದರೆ ಮಕ್ಕಳು ಗೆಲ್ಲುವುದು ಯಾವಾಗ?

ಈಗ ನಾನು ಆ ಖೋಲಿಯಲ್ಲಿದ್ದೇನೆ. ಚಿಪ್ಸ್ ಡಬ್ಬಗಳು ಒಂದು ಮೂಲೆಯನ್ನು ಇನ್ನೂ ಬಿಟ್ಟುಕೊಟ್ಟಿಲ್ಲ. ಅಂಗಡಿಯ ಬಾಗಿಲು ತೆರೆದಾಗಲೆಲ್ಲ ಗಂಟೆ ಕಿಣಿಗುಟ್ಟುತ್ತದೆ. ಯಜಮಾನರು ಕಟ್ಟಿದ ಗಂಟೆ. ಹಾಲು ಕೊಳ್ಳಲು ಬಂದವರೆಲ್ಲ ಇಣುಕಿ "ಆಂಟಿ, ಹೌ ಆರ್ ಯೂ?" ಎನ್ನುತ್ತಾರೆ. ಕೌದಿ ಹಾಸಿದ್ದು ಹಾಸಿದಂತೆಯೇ ಇದೆ, ಸುತ್ತುವ ಕೆಲಸವಿಲ್ಲ.

ಬೇಕಾದರೆ ನೀವು ಬನ್ನಿ ಎಂದು ಮಕ್ಕಳಿಗೆ ನಾನೂ ಹೇಳಿ ಕಳಿಸಿದ್ದೆ. ಮೊದಲು ಬಂದವನು ಇಮ್ತಿಯಾಜ. ಬಂದವನು ಒಳಗೆ ಬರದೆ ಕಾರಿನ ಡಿಕ್ಕಿಯೊಳಗೆ ತಲೆ ಹಾಕಿ ನಿಂತಿದ್ದ. ಏನು ಮಾಡುತ್ತಿದ್ದಾನೆಂದು ಹೋಗಿ ನೋಡಿದರೆ, ಒಂದು ಕಾಫಿ ಯಂತ್ರ, ಒಂದು ಸುತ್ತಿದ ಹಾಸಿಗೆ, ಕಂಕುಳಲ್ಲಿ ದಿಂಬು.

"ನಗಬ್ಯಾಡ ಅಮ್ಮಿ," ಎಂದ, ತಲೆ ನರೆತ ನನ್ನ ಹುಲ್ಲಿನ ಡಾಕ್ಟರು. "ಬ್ಯಾರೆ ದಿಂಬಿನ ಮ್ಯಾಲೆ ನನಗ ನಿದ್ದಿ ಬರಂಗಿಲ್ಲ."

ಈ ಸಲ ಎಷ್ಟು ದಿನ ಇರ್ತೀ ಎಂದು ಕೇಳುವ ಅವಕಾಶಕ್ಕೆ ನಾನು ಎಷ್ಟು ಕಾದಿದ್ದೆನೋ ಅಲ್ಲಾಹನಿಗೇ ಗೊತ್ತು. ಮಾತು ನಾಲಿಗೆಯ ತುದಿಗೂ ಬಂದಿತ್ತು. ನುಂಗಿಕೊಂಡೆ. ಚಿಪ್ಸ್ ಡಬ್ಬಗಳನ್ನು ಗೋಡೆಗೆ ತಳ್ಳಿ ಅವನ ದಿಂಬಿಗೆ ಜಾಗ ಮಾಡಿ, "ಬಾ, ಮೊದಲ ಉಣ್ಣು ಬಾ" ಎಂದೆ.