ಬೀಗದ ಕೈ ಕೊಟ್ಟ ತಪ್ಪು

ನನ್ನ ಚಿಕ್ಕಮ್ಮ ಸರ್ಕಾರಿ ಆಸ್ಪತ್ರೆಯಲ್ಲಿ ಔಷಧ ಕೊಡುವ ಕೆಲಸದಲ್ಲಿದ್ದಾಳೆ. ಕಂಬಿ ಹಾಕಿದ ಕಿಟಕಿಯ ಹಿಂದೆ ನಿಂತು ಚೀಟಿ ನೋಡಿ ಮಾತ್ರೆ ಕತ್ತರಿಸಿ ಕೊಡುತ್ತಾಳೆ. ಓದು ಬಾರದವರ ಪೊಟ್ಟಣದ ಮೇಲೆ ಸೂರ್ಯನನ್ನೋ ಚಂದ್ರನನ್ನೋ ಬರೆಯುತ್ತಾಳೆ. "ಊಟ ಆದ್ಮೇಲೆ ನುಂಗು ತಾತ. ಟೀ ಕುಡಿದು ಊಟ ಆಯ್ತು ಅನ್ಬೇಡ" ಎಂದು ಗದರುತ್ತಾಳೆ.

ಅವಳ ಒಬ್ಬಳೇ ಮಗಳಿಗೆ ಹುಟ್ಟಿನಿಂದ ಕಿವಿ ಕೇಳಿಸುವುದಿಲ್ಲ. ಆಸ್ಪತ್ರೆಯ ಹಿಂದಿನ ಬೀದಿಯಲ್ಲೇ ಕಿವುಡು ಮಕ್ಕಳ ಶಾಲೆ ಇದೆಯೆಂದು ಚಿಕ್ಕಮ್ಮ ಆ ಊರಿಗೆ ಕೇಳಿ ಹಾಕಿಸಿಕೊಂಡಿದ್ದಳು. ಶಾಲೆಯಲ್ಲಿ ಕಲಿತ ಕೈಸನ್ನೆಗಳನ್ನು ಹುಡುಗಿ ಸಂಜೆ ಅಡುಗೆಮನೆಯಲ್ಲಿ ಅಮ್ಮನಿಗೆ ಹೇಳಿಕೊಡುತ್ತಿದ್ದಳು. ಚಿಕ್ಕಪ್ಪ ಲಾರಿ ಓಡಿಸುವವನು, ಹೋದರೆ ವಾರಗಟ್ಟಲೆ ಮನೆಯ ಕಡೆ ಬರುವುದಿಲ್ಲ. ಹಾಗಾಗಿ ಆ ಮಗುವಿಗೆ ಮಾತಾಡಲು ಮನೆಯಲ್ಲಿ ಇದ್ದವಳು ಅಮ್ಮ ಒಬ್ಬಳೇ.

ಒಂದು ಶುಕ್ರವಾರ ಮಧ್ಯಾಹ್ನ ವರ್ಗಾವಣೆಯ ಆದೇಶ ಬಂತು. ನಾಡಿನ ಇನ್ನೊಂದು ತುದಿಯ ಊರು, ಅಲ್ಲಿ ಅಂಥ ಶಾಲೆಯಿಲ್ಲ. ಕಾರಣ 'ಆಡಳಿತದ ಹಿತದೃಷ್ಟಿಯಿಂದ' ಎಂದು ಬರೆದಿತ್ತು. ಆ ಹಿತದೃಷ್ಟಿ ಆಗಲೇ ಇಸ್ತ್ರಿ ಮಾಡಿದ ಅಂಗಿ ತೊಟ್ಟು ಬಾಗಿಲಲ್ಲಿ ನಿಂತಿತ್ತು: ಇಲಾಖೆಯ ಮೇಲಧಿಕಾರಿಯ ಭಾಮೈದ.

ಇಂಥ ಹೊತ್ತಿನಲ್ಲಿ ಏನು ಮಾಡಬೇಕೆಂಬುದು ನೌಕರರಿಗೆಲ್ಲ ಗೊತ್ತು. ಬೀಗ ಹಾಕಿ, ಬೀಗದ ಕೈ ಜೊತೆಗಿಟ್ಟುಕೊಂಡು, ಹುಷಾರಿಲ್ಲವೆಂದು ರಜೆ ಬರೆದು ಮನೆಗೆ ಹೋಗುವುದು. ಚಾರ್ಜ್ ಕೊಡುವ ತನಕ ಆ ಜಾಗ ನಮ್ಮದೇ. ಅಷ್ಟರೊಳಗೆ ಕೋರ್ಟಿನಿಂದ ತಡೆ ತರಬಹುದು.

ಆಯಾ ಕಿವಿಯಲ್ಲಿ ಹೇಳಿದಳು, "ಅಕ್ಕಾ, ತಲೆಸುತ್ತು ಅಂತ ಬಿದ್ಬಿಡಿ. ನೀರು ಚಿಮುಕಿಸೋಕೆ ನಾನಿದೀನಿ."

"ನಾನು ಬಿದ್ರೆ ನಾಳೆ ಇನ್ಸುಲಿನ್ ಯಾರು ಕೊಡ್ತಾರೆ? ಫ್ರಿಜ್ ಇರೋದು ಬೀಗದ ಒಳಗೆ."

ಕಿಟಕಿಯ ಮುಂದೆ ಸಾಲು ನಿಂತೇ ಇತ್ತು. ಅವಳು ಔಷಧಗಳನ್ನು ಎಣಿಸಿ ಒಪ್ಪಿಸಿ, ರುಜು ಹಾಕಿ, ಬೀಗದ ಕೈ ಕೊಟ್ಟಳು. ಫ್ರಿಜ್ಜಿನ ಬಾಗಿಲು ಒತ್ತಿ ಹಾಕದಿದ್ದರೆ ತೆರೆದುಕೊಳ್ಳುತ್ತದೆ ಎಂಬುದನ್ನೂ ಆ ಭಾಮೈದನಿಗೆ ಹೇಳಿಕೊಟ್ಟಳು. ಬೀಗದ ಕೈ ಬೇರೆ, ತನ್ನ ನ್ಯಾಯ ಬೇರೆ ಎಂದುಕೊಂಡಿದ್ದಳು.

ನಮ್ಮ ಮನೆತನದಲ್ಲಿ ಡಿಗ್ರಿ ಮಾಡಿದವನು ನಾನೊಬ್ಬನೇ. ಸೋಮವಾರ ನನ್ನನ್ನೂ ಕರೆದುಕೊಂಡು ವಕೀಲರ ಹತ್ತಿರ ಹೋದಳು.

"ಚಾರ್ಜ್ ಕೊಟ್ರಾ?"

"ಕೊಟ್ಟೆ ಸಾರ್."

ಅವರು ಪೆನ್ನಿಗೆ ಮುಚ್ಚಳ ಹಾಕಿದರು. "ಅಲ್ಲಮ್ಮಾ, ವರ್ಗಾವಣೆ ಅಂದ್ರೆ ಸಾಕು, ಇಡೀ ಸರ್ಕಾರಕ್ಕೇ ಜ್ವರ ಬರುತ್ತೆ. ನಿಮಗೊಬ್ಬರಿಗೆ ಬರಲಿಲ್ವಾ?"

"ಜನ ಕಾಯ್ತಿದ್ರು ಸಾರ್."

"ಜನ ಬಂದು ನಿಮ್ಮ ಪರ ವಾದ ಮಾಡ್ತಾರಾ?"

ಆದರೂ ಅರ್ಜಿ ಹಾಕಿದರು. ಕೋರ್ಟಿನಲ್ಲಿ ಅವರು ಮಗುವಿನ ವಿಷಯ ಹೇಳಿದರು. ಇಂಥ ಮಕ್ಕಳ ತಾಯಿಯನ್ನು ದೂರ ಕಳಿಸಬಾರದೆಂದು ಇಲಾಖೆಯ ಮಾರ್ಗಸೂಚಿಯೇ ಹೇಳುತ್ತದೆ ಎಂದರು. ನ್ಯಾಯಾಧೀಶರು ಕೇಳಿಸಿಕೊಂಡರು. ಅವರ ದನಿಯಲ್ಲಿ ಕಾಠಿಣ್ಯವೇನೂ ಇರಲಿಲ್ಲ.

"ವರ್ಗಾವಣೆ ನೌಕರಿಯ ಭಾಗ. ಮಾರ್ಗಸೂಚಿ ಪಾಲಿಸಿದ್ರೆ ಒಳ್ಳೇದಿತ್ತು. ಆದ್ರೆ ಅದು ಹಕ್ಕಾಗಲ್ಲ. ದುರುದ್ದೇಶ ಇದೆ ಅನ್ನೋಕೆ ಸಾಕ್ಷಿ ಏನಿದೆ?"

ನೆಂಟಸ್ತನ ಒಂದೇ ಸಾಕ್ಷಿಯಾಗುವುದಿಲ್ಲವಂತೆ. ಅಷ್ಟರಲ್ಲಿ ಸರ್ಕಾರಿ ವಕೀಲರು ಎದ್ದರು. "ಮಹಾಸ್ವಾಮಿ, ಇವರು ತಾವಾಗೇ ಚಾರ್ಜ್ ಕೊಟ್ಟಿದ್ದಾರೆ. ಯಾರೂ ಬಲವಂತ ಮಾಡಿಲ್ಲ."

"ಹಾಗಾದ್ರೆ ತಡೆಯೋಕೆ ಏನು ಉಳಿದಿದೆ?"

ಇಲಾಖೆಗೇ ಮನವಿ ಕೊಡಲಿ, ಅವರು ಸಹಾನುಭೂತಿಯಿಂದ ಪರಿಶೀಲಿಸಲಿ ಎಂದು ಹೇಳಿ ನ್ಯಾಯಾಧೀಶರು ಅರ್ಜಿ ಮುಗಿಸಿದರು. ನಮ್ಮ ನಂತರ ಕೂಗಿದ್ದು ಒಬ್ಬ ಗುಮಾಸ್ತನ ಹೆಸರನ್ನು. ಅವನು ಬೀರುವಿಗೆ ಬೀಗ ಜಡಿದು ಜ್ವರವೆಂದು ಮನೆ ಸೇರಿದ್ದನಂತೆ. ಅವನಿಗೆ ತಡೆ ಸಿಕ್ಕಿತು.

ಮನವಿ ಹೋದದ್ದು ಅದೇ ಮೇಲಧಿಕಾರಿಯ ಮೇಜಿಗೆ. 'ಸಹಾನುಭೂತಿಯಿಂದ ಪರಿಶೀಲಿಸಲಾಗಿದೆ, ಅವಕಾಶವಿಲ್ಲ' ಎಂದು ಉತ್ತರ ಬಂತು.

"ನೋಡಪ್ಪಾ, ಸಹಾನುಭೂತಿ ಅಂತೂ ಇತ್ತಂತೆ" ಎಂದಳು ಚಿಕ್ಕಮ್ಮ.

ನೌಕರಿ ಬಿಟ್ಟರೆ ಮನೆ ನಡೆಯದು. ಹುಡುಗಿಯನ್ನು ಶಾಲೆಯ ಹಾಸ್ಟೆಲಿಗೆ ಸೇರಿಸಿ ಅವಳು ಹೊಸ ಊರಿಗೆ ಹೋದಳು. ರಜೆ ಸಿಕ್ಕಾಗ ಬಸ್ಸು, ರೈಲು, ಮತ್ತೆ ಬಸ್ಸು ಹಿಡಿದು ಬರುತ್ತಾಳೆ. ಎರಡನೇ ವರ್ಷ ಒಮ್ಮೆ ನಾನೂ ಜೊತೆಗೆ ಹೋಗಿದ್ದೆ.

ಹಾಸ್ಟೆಲಿನ ಅಂಗಳದಲ್ಲಿ ಹುಡುಗಿ ಗೆಳತಿಯರ ನಡುವೆ ನಿಂತಿದ್ದಳು. ಕೈಗಳು ಎಷ್ಟು ಬೇಗ ಓಡುತ್ತಿದ್ದವೆಂದರೆ ಚಿಕ್ಕಮ್ಮನಿಗೆ ಒಂದೂ ತಿಳಿಯಲಿಲ್ಲ. ಅಮ್ಮನನ್ನು ಕಂಡು ಓಡಿ ಬಂದಳು, ಅಪ್ಪಿಕೊಂಡಳು. ಆಮೇಲೆ ಒಂದೊಂದೇ ಸನ್ನೆಯನ್ನು ನಿಧಾನವಾಗಿ, ಬಿಡಿಸಿ ಬಿಡಿಸಿ ತೋರಿಸತೊಡಗಿದಳು. ಊಟ ಆಯಿತಾ, ಪ್ರಯಾಣ ಹೇಗಿತ್ತು, ಇಷ್ಟೇ. ನೆಂಟರನ್ನು ಕೇಳುವ ಮಾತು. ನಡುವೆ ಗೆಳತಿಯೊಬ್ಬಳು ಕೈಬೀಸಿದಳು. ಹುಡುಗಿ ಅತ್ತ ತಿರುಗಿ ಸರಸರನೆ ಏನೋ ಹೇಳಿದಳು.

"ಏನಂದ್ಲು ಮೇಡಂ?" ಎಂದು ಚಿಕ್ಕಮ್ಮ ಪಕ್ಕದಲ್ಲಿದ್ದ ವಾರ್ಡನ್ನನ್ನು ಕೇಳಿದಳು.

ವಾರ್ಡನ್ ಸ್ವಲ್ಪ ಅನುಮಾನಿಸಿದರು. "ಏನಿಲ್ಲ... 'ತಡಿ, ಅಮ್ಮ ಇನ್ನೇನು ಹೊರಟುಬಿಡ್ತಾರೆ' ಅಂದ್ಲು."

ಚಿಕ್ಕಮ್ಮ ತಲೆಯಾಡಿಸಿದಳು. "ನಿಜ ಅಲ್ವಾ, ಬಸ್ಸಿಗೆ ಹೊತ್ತಾಯ್ತು" ಎಂದು ಚೀಲ ಹುಡುಕತೊಡಗಿದಳು. ಚೀಲ ಅವಳ ಹೆಗಲಲ್ಲೇ ಇತ್ತು.